ಬಿದ್ದದ್ದು ಒಂದೇ ಸಲ, ಬರೆಯುವುದು ಹಲವು ಸಲ

ಕನ್ನಡದಲ್ಲಿ ಯಾರೂ ಸುಮ್ಮನೆ ಬೀಳುವುದಿಲ್ಲ. ಜಾರಿ ಬೀಳ್ತಾರೆ, ಎಡವಿ ಬೀಳ್ತಾರೆ, ಮುಗ್ಗರಿಸಿ ಬೀಳ್ತಾರೆ, ಆಯ ತಪ್ಪಿ ಬೀಳ್ತಾರೆ, ತಲೆ ಸುತ್ತಿ ಬೀಳ್ತಾರೆ. ‘ಬಿದ್ದ’ ಅನ್ನುವುದಕ್ಕೆ ಮುಂಚೆ ಬರುವ ಆ ಒಂದು ಪದದಲ್ಲೇ ಅರ್ಧ ಕಥೆ ಇರುತ್ತದೆ. ಆದರೆ ಆಸ್ಪತ್ರೆಗೆ ಹೋಗಿ ಡಾಕ್ಟರು “ಏನಾಯ್ತು?” ಅಂತ ಕೇಳಿದಾಗ ನಮ್ಮ ಬಾಯಿಂದ ಬರುವುದು ಎರಡೇ ಪದ: “ಬಿದ್ದೆ ಸಾರ್.” ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅನ್ನುವ ಜನ ನಾವು. ಹೇಗೆ ಬಿದ್ದೆವು ಅಂತ ವಿವರವಾಗಿ ಹೇಳಿಕೊಳ್ಳುವುದು ಯಾರಿಗೆ ಬೇಕು?

ಬೇಕಾದವರು ಇದ್ದಾರೆ. ಆ ವಿವರವನ್ನು ಅಂಕಿ-ಅಕ್ಷರಗಳಾಗಿ ಬದಲಾಯಿಸುವುದೇ ಅವರ ಕೆಲಸ. ಅವರ ಹೆಸರು ಮೆಡಿಕಲ್ ಕೋಡರ್. ನಾವು ಬಿದ್ದ ದಿನ ಮಾತ್ರವಲ್ಲ, ಬ್ಯಾಂಡೇಜ್ ಬದಲಾಯಿಸಲು ಹೋದಾಗ, ಪ್ಲಾಸ್ಟರ್ ಬಿಚ್ಚಿಸಲು ಹೋದಾಗ, ಎರಡು ವರ್ಷ ಬಿಟ್ಟು “ಚಳಿಗಾಲದಲ್ಲಿ ಕೈ ನೋಯುತ್ತೆ” ಅಂತ ಹೋದಾಗಲೂ ಅದೇ ಬೀಳುವಿಕೆಗೆ ಕೋಡ್ ಬರೆಯಬೇಕಾಗುತ್ತದೆ, ಪ್ರತಿ ಸಲ ಸ್ವಲ್ಪ ಬೇರೆ. ಅದು ಹೇಗೆ, ಯಾಕೆ, ಮತ್ತು ಎಂಜಿನಿಯರಿಂಗ್ ಓದುವ ನಮಗೂ ಅದಕ್ಕೂ ಏನು ಸಂಬಂಧ ಅಂತ ಈ ಲೇಖನದಲ್ಲಿ ನೋಡೋಣ.

ಇದು ಬೇರೆ ಕೋಡಿಂಗ್

‘ಕೋಡಿಂಗ್ ಜಾಬ್’ ಅಂದ ಕೂಡಲೇ ನಮ್ಮ ತಲೆಗೆ ಬರುವುದು ಪೈಥಾನ್, ಜಾವಾ. ಬೆಂಗಳೂರಿನಲ್ಲಿ ‘ಮೆಡಿಕಲ್ ಕೋಡರ್ಸ್ ಬೇಕಾಗಿದ್ದಾರೆ’ ಅನ್ನುವ ಜಾಹೀರಾತು ನೋಡಿ ಆಸ್ಪತ್ರೆಗೆ ಆ್ಯಪ್ ಬರೆಯುವ ಕೆಲಸ ಅಂದುಕೊಳ್ಳುವವರಿದ್ದಾರೆ. ಅದಲ್ಲ. ಡಾಕ್ಟರು ಬರೆದ ಟಿಪ್ಪಣಿ ಓದಿ, ಅದರಲ್ಲಿರುವ ಕಾಯಿಲೆ, ಗಾಯ, ಚಿಕಿತ್ಸೆಗಳಿಗೆ ಒಂದು ಒಪ್ಪಿತ ಪಟ್ಟಿಯಿಂದ ಸಂಕೇತ ಹುಡುಕಿ ಕೊಡುವುದೇ ಮೆಡಿಕಲ್ ಕೋಡಿಂಗ್. ಇಲ್ಲಿ ಕೂತು ಈ ಕೆಲಸ ಮಾಡುವವರಲ್ಲಿ ಬಹಳಷ್ಟು ಮಂದಿ ನೋಡುವುದು ಅಮೆರಿಕದ ರೋಗಿಗಳ ದಾಖಲೆ. ಅಲ್ಲಿ ವಿಮಾ ಕಂಪನಿ ಆಸ್ಪತ್ರೆಗೆ ಹಣ ಕೊಡಬೇಕಾದರೆ ಈ ಕೋಡ್ ಇರಲೇಬೇಕು.

ಪಟ್ಟಿಯ ಹೆಸರು ಐಸಿಡಿ, ಅಂದರೆ ರೋಗಗಳ ಅಂತರರಾಷ್ಟ್ರೀಯ ವರ್ಗೀಕರಣ. ಇದರ ಬೇರು 1893ರಷ್ಟು ಹಳೆಯದು. ಫ್ರಾನ್ಸಿನ ಸಂಖ್ಯಾಶಾಸ್ತ್ರಜ್ಞ ಜಾಕ್ ಬರ್ಟಿಯಾನ್ ಸಾವಿನ ಕಾರಣಗಳ ಒಂದು ಪಟ್ಟಿಯನ್ನು ಆ ವರ್ಷ ಷಿಕಾಗೋದಲ್ಲಿ ಮಂಡಿಸಿದರು. 1948ರಲ್ಲಿ ಆರನೇ ಆವೃತ್ತಿಯ ಹೊತ್ತಿಗೆ ವಿಶ್ವ ಆರೋಗ್ಯ ಸಂಸ್ಥೆ ಇದರ ಹೊಣೆ ವಹಿಸಿಕೊಂಡಿತು. ಸಾಯುವ ಕಾರಣಗಳ ಜೊತೆಗೆ ಬದುಕಿರುವವರ ಕಾಯಿಲೆಗಳೂ ಆಗ ಪಟ್ಟಿಗೆ ಸೇರಿದವು. ಹತ್ತನೇ ಆವೃತ್ತಿಗೆ 1990ರಲ್ಲಿ ಒಪ್ಪಿಗೆ ಸಿಕ್ಕಿತು. ಅಮೆರಿಕ ಅದನ್ನೇ ತನ್ನ ಆಸ್ಪತ್ರೆಗಳಿಗೆ ತಕ್ಕಂತೆ ಹಿಗ್ಗಿಸಿ ‘ಐಸಿಡಿ-10-ಸಿಎಂ’ ಅಂತ ಮಾಡಿಕೊಂಡು, 2015ರ ಅಕ್ಟೋಬರ್ 1ರಿಂದ ಜಾರಿಗೆ ತಂದಿತು. ಹಳೆಯ ಪಟ್ಟಿಯಲ್ಲಿ ಸುಮಾರು 14,000 ಕೋಡ್‌ಗಳಿದ್ದರೆ ಹೊಸದರಲ್ಲಿ ಸುಮಾರು 70,000. ನಾವು ಇಲ್ಲಿ ಮಾತಾಡುವುದು ಮುಖ್ಯವಾಗಿ ಈ ಅಮೆರಿಕನ್ ಪಟ್ಟಿಯ ಬಗ್ಗೆ. ಕೋಡ್‌ಗಳಲ್ಲಿರುವ ಇಂಗ್ಲಿಷ್ ಅಕ್ಷರಗಳನ್ನೂ ಕನ್ನಡದಲ್ಲೇ ಬರೆದಿದ್ದೇವೆ. ಓದುವಾಗ ಬಾಯಲ್ಲಿ ಹೇಳಿಕೊಂಡರೆ ಸಾಕು.

ಏಳು ಸ್ಥಾನಗಳ ವಿಳಾಸ

ಒಂದು ಕೋಡನ್ನು ಬಿಚ್ಚಿ ನೋಡೋಣ: ಎಸ್52.531ಡಿ.

ಮೊದಲ ಅಕ್ಷರ ‘ಎಸ್’ ಅಂದರೆ ಗಾಯ. 5 ಅಂದರೆ ಮೊಣಕೈಯಿಂದ ಮಣಿಕಟ್ಟಿನ ತನಕದ ಭಾಗ. 2 ಅಂದರೆ ಅಲ್ಲಿ ಮೂಳೆ ಮುರಿದಿದೆ. ಚುಕ್ಕೆಯ ನಂತರದ 5, ರೇಡಿಯಸ್ ಮೂಳೆಯ ಕೆಳತುದಿ. 3 ಅಂದರೆ ‘ಕಾಲಿಸ್ ಫ್ರ್ಯಾಕ್ಚರ್’ ಅನ್ನುವ ಬಗೆ. 1 ಅಂದರೆ ಬಲಗೈ. ಎಡಗೈ ಆಗಿದ್ದರೆ 2. ಕೊನೆಯ ‘ಡಿ’ ಈ ಲೇಖನದ ನಾಯಕ; ಅದಕ್ಕೆ ಆಮೇಲೆ ಬರೋಣ.

ನೋಡಿ, ಇದು ಒಂದು ಅಂಚೆ ವಿಳಾಸದ ಹಾಗೆ. ರಾಜ್ಯ, ಜಿಲ್ಲೆ, ತಾಲ್ಲೂಕು, ಊರು, ಬೀದಿ ಅಂತ ಹೊರಗಿನಿಂದ ಒಳಕ್ಕೆ ಹೋಗುತ್ತೆ. ಡೇಟಾ ಸ್ಟ್ರಕ್ಚರ್ಸ್ ಕ್ಲಾಸಿನ ಭಾಷೆಯಲ್ಲಿ ಹೇಳಿದರೆ ಒಂದು ಟ್ರೀ; ಪ್ರತಿ ಸ್ಥಾನವೂ ಒಂದು ಹಂತ. ಮೊದಲ ಮೂರು ಸ್ಥಾನ ಮಾತ್ರ ತೆಗೆದುಕೊಂಡರೆ ‘ಮುಂಗೈ ಮೂಳೆ ಮುರಿತ’ ಎಷ್ಟು ಅಂತ ಎಣಿಸಬಹುದು. ಏಳೂ ತೆಗೆದುಕೊಂಡರೆ ಬಲಗೈಯ ಇಂಥದೇ ಮುರಿತ ಈಗ ಯಾವ ಹಂತದಲ್ಲಿದೆ ಅನ್ನುವ ತನಕ ಗೊತ್ತಾಗುತ್ತೆ.

ಕಾಲಿಸ್ ಅನ್ನುವ ಹೆಸರು ಐರ್ಲೆಂಡಿನ ಶಸ್ತ್ರವೈದ್ಯ ಏಬ್ರಹಾಂ ಕಾಲಿಸ್ ಅವರದು. 1814ರಲ್ಲೇ, ಅಂದರೆ ಎಕ್ಸ್-ರೇ ಕಂಡುಹಿಡಿಯುವ 81 ವರ್ಷ ಮೊದಲೇ, ಅವರು ಈ ಮುರಿತವನ್ನು ವಿವರಿಸಿದ್ದರು. ಬೀಳುವಾಗ ನಾವೆಲ್ಲ ಕೈ ಮುಂದೆ ಚಾಚಿ ನೆಲಕ್ಕೆ ಊರುತ್ತೇವೆ ಅಲ್ವಾ? ಇಡೀ ಮೈಯ ಭಾರ ಅಂಗೈಯಿಂದ ಮಣಿಕಟ್ಟಿಗೆ ಏರಿ ರೇಡಿಯಸ್ ತುದಿ ಮುರಿಯುತ್ತೆ. ಬಿದ್ದವರಲ್ಲಿ ತೀರಾ ಸಾಮಾನ್ಯವಾಗಿ ಕಾಣುವ ಮುರಿತಗಳಲ್ಲಿ ಇದೂ ಒಂದು.

ಬಿದ್ದ ಬಗೆಗೂ ಒಂದು ಸಂಖ್ಯೆ

ಎಸ್ ಕೋಡ್ ಹೇಳುವುದು ಏನು ಮುರಿಯಿತು ಅಂತ. ಯಾಕೆ ಮುರಿಯಿತು ಅನ್ನುವುದಕ್ಕೆ ಬೇರೆಯೇ ಕೋಡ್ ಇದೆ: ‘ಬಾಹ್ಯ ಕಾರಣ’ ಕೋಡ್. ಆಕಸ್ಮಿಕವಾಗಿ ಬೀಳುವುದಕ್ಕೆಂದೇ ಡಬ್ಲ್ಯು00ರಿಂದ ಡಬ್ಲ್ಯು19ರ ತನಕ ಜಾಗ ಮೀಸಲು. ಕೆಲವನ್ನು ನೋಡಿ:

ಡಬ್ಲ್ಯು00: ಮಂಜು, ಹಿಮದ ಮೇಲೆ ಜಾರಿ ಬಿದ್ದದ್ದು
ಡಬ್ಲ್ಯು01: ಸಮತಟ್ಟಾದ ನೆಲದಲ್ಲೇ ಜಾರಿ, ಎಡವಿ, ಮುಗ್ಗರಿಸಿ ಬಿದ್ದದ್ದು
ಡಬ್ಲ್ಯು06: ಮಂಚದಿಂದ ಬಿದ್ದದ್ದು
ಡಬ್ಲ್ಯು10: ಮೆಟ್ಟಿಲಿನಿಂದ ಬಿದ್ದದ್ದು
ಡಬ್ಲ್ಯು11: ಏಣಿಯಿಂದ
ಡಬ್ಲ್ಯು12: ಕಟ್ಟಡ ಕೆಲಸದ ಸಾರುವೆಯಿಂದ
ಡಬ್ಲ್ಯು14: ಮರದಿಂದ
ಡಬ್ಲ್ಯು17.0: ಬಾವಿಗೆ
ಡಬ್ಲ್ಯು18.2: ಸ್ನಾನದ ಶವರ್ ಜಾಗದಲ್ಲಿ
ಡಬ್ಲ್ಯು19: ಬಿದ್ದದ್ದು, ಹೇಗೆ ಅಂತ ಗೊತ್ತಿಲ್ಲ

ಕೊನೆಯದನ್ನು ಗಮನಿಸಿ. “ಬಿದ್ದೆ ಸಾರ್” ಅಂತಷ್ಟೇ ಹೇಳಿ, ಡಾಕ್ಟರೂ ಅಷ್ಟನ್ನೇ ಬರೆದರೆ, ಕೋಡರ್‌ಗೆ ಉಳಿಯುವುದು ಡಬ್ಲ್ಯು19 ಒಂದೇ. ಕೋಡರ್ ಊಹೆ ಮಾಡುವಂತಿಲ್ಲ. ದಾಖಲೆಯಲ್ಲಿ ಇಲ್ಲದ್ದು ಅವರ ಪಾಲಿಗೆ ನಡೆದೇ ಇಲ್ಲ.

ಇದರ ಜೊತೆಗೆ ಇನ್ನೂ ಮೂರು ಬಗೆಯ ಕೋಡ್‌ಗಳಿವೆ. ವೈ92 ಎಲ್ಲಿ ಬಿದ್ದರು ಅಂತ ಹೇಳುತ್ತೆ. ವೈ93 ಏನು ಮಾಡುತ್ತಿದ್ದಾಗ ಅಂತ. ವೈ99 ಕೆಲಸದ ಮೇಲಿದ್ದರೋ, ಸ್ವಂತ ಹೊತ್ತಿನಲ್ಲೋ ಅಂತ. ವಿವರ ಎಷ್ಟು ಸೂಕ್ಷ್ಮ ಅಂದರೆ ಹಾಸ್ಟೆಲ್‌ನ ಬಾತ್‌ರೂಮಿಗೇ ವೈ92.162 ಅಂತ ಪ್ರತ್ಯೇಕ ಕೋಡ್ ಇದೆ. ಕೈಯಲ್ಲಿ ಹಿಡಿದ ಮೊಬೈಲ್ ಬಳಸುತ್ತಿದ್ದವರಿಗೆ ವೈ93.ಸಿ2. ರೀಲ್ಸ್ ನೋಡುತ್ತಾ ಮೆಟ್ಟಿಲಿಳಿಯುವ ನಮ್ಮ ನಿಮ್ಮಂಥವರ ಯೋಚನೆ ಅವರಿಗೆ ಮೊದಲೇ ಇತ್ತು ಅನ್ನಿ!

ಒಂದು ಮುಖ್ಯ ನಿಯಮ: ಬಾಹ್ಯ ಕಾರಣದ ಕೋಡ್ ಯಾವತ್ತೂ ಮೊದಲ ಸ್ಥಾನದಲ್ಲಿ ಬರುವಂತಿಲ್ಲ. ಆಸ್ಪತ್ರೆ ಚಿಕಿತ್ಸೆ ಕೊಡುವುದು ಮುರಿದ ಕೈಗೆ, ಜಾರಿದ ನೆಲಕ್ಕಲ್ಲ.

ಎ, ಡಿ, ಎಸ್: ಏಳನೇ ಅಕ್ಷರದ ಕಥೆ

ಈಗ ಫಾಲೋ-ಅಪ್ ವಿಷಯಕ್ಕೆ ಬರೋಣ. ಗಾಯದ ಬಹುಪಾಲು ಕೋಡ್‌ಗಳಿಗೆ ಏಳನೇ ಸ್ಥಾನದಲ್ಲಿ ಒಂದು ಅಕ್ಷರ ಕಡ್ಡಾಯ. ಮೂಲದಲ್ಲಿ ಮೂರು ಆಯ್ಕೆ.

‘ಎ’: ಪುಸ್ತಕದಲ್ಲಿ ಇದರ ಹೆಸರು ‘ಇನಿಶಿಯಲ್ ಎನ್‌ಕೌಂಟರ್’, ಅಂದರೆ ಆರಂಭಿಕ ಭೇಟಿ. 
‘ಡಿ’: ‘ಸಬ್‌ಸೀಕ್ವೆಂಟ್ ಎನ್‌ಕೌಂಟರ್’, ನಂತರದ ಭೇಟಿ. 
‘ಎಸ್’: ‘ಸೀಕ್ವೆಲಾ’, ಗಾಯ ಹಿಂದೆ ಬಿಟ್ಟು ಹೋದ ಉಳಿಕೆ ತೊಂದರೆ.

ಹೆಸರು ನೋಡಿದರೆ ಬಹಳ ಸುಲಭ. ಮೊದಲ ಸಲ ಹೋದರೆ ಎ, ಆಮೇಲೆ ಹೋದದ್ದಕ್ಕೆಲ್ಲ ಡಿ. ನಮ್ಮಲ್ಲಿ ಯಾರಿಗಾದರೂ ಪ್ರೋಗ್ರಾಂ ಬರೆಯಿರಿ ಅಂದರೆ ಒಂದೇ ಸಾಲಿನ ‘ಇಫ್-ಎಲ್ಸ್’ ಹಾಕಿ ಮುಗಿಸಿಬಿಡುತ್ತೇವೆ. ಆದರೆ ಆ ಒಂದು ಸಾಲು ತಪ್ಪು. ಏಳನೇ ಅಕ್ಷರ ಎಣಿಸುವುದು ಭೇಟಿಯನ್ನಲ್ಲ, ಚಿಕಿತ್ಸೆಯ ಹಂತವನ್ನು.

ಗಾಯವನ್ನು ಸರಿಪಡಿಸುವ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವಷ್ಟು ಕಾಲವೂ ‘ಎ’. ತುರ್ತು ವಿಭಾಗದಲ್ಲಿ ನೋಡಿದ್ದು, ಮೂರು ದಿನ ಬಿಟ್ಟು ಬೇರೆ ಮೂಳೆ ಡಾಕ್ಟರು ಪರೀಕ್ಷಿಸಿ ಚಿಕಿತ್ಸೆ ಮುಂದುವರಿಸಿದ್ದು, ವಾರ ಬಿಟ್ಟು ಆಪರೇಷನ್ ಮಾಡಿದ್ದು, ಎಲ್ಲವೂ ಎ. ಡಾಕ್ಟರು ಬದಲಾದರೂ, ಆಸ್ಪತ್ರೆ ಬದಲಾದರೂ ಎ. ಸಕ್ರಿಯ ಚಿಕಿತ್ಸೆ ಮುಗಿದು, ಇನ್ನು ಮೂಳೆ ತಾನೇ ಕೂಡಿಕೊಳ್ಳಬೇಕು, ನಾವು ಕಾವಲು ಕಾಯೋಣ ಅನ್ನುವ ಹಂತಕ್ಕೆ ಬಂದ ಮೇಲೆ ‘ಡಿ’. ಪ್ಲಾಸ್ಟರ್ ಬದಲಾಯಿಸುವುದು, ಬಿಚ್ಚುವುದು, ಮೂಳೆ ಕೂಡಿದೆಯಾ ಅಂತ ಎಕ್ಸ್-ರೇ ತೆಗೆಯುವುದು, ಔಷಧದ ಪ್ರಮಾಣ ಸರಿ ಮಾಡುವುದು, ಫಿಸಿಯೋಥೆರಪಿ, ಇವೆಲ್ಲ ಡಿ.

ತಿರುಗಾಮುರುಗಾ ಉದಾಹರಣೆಯೂ ಇದೆ. ಒಬ್ಬರು ಬಿದ್ದು, “ಉಳುಕಿದೆ ಅಷ್ಟೇ” ಅಂತ ಎಣ್ಣೆ ಹಚ್ಚಿಕೊಂಡು ಮೂರು ವಾರ ಮನೆಯಲ್ಲೇ ಇದ್ದರು ಅಂತಿಟ್ಟುಕೊಳ್ಳಿ. ಊತ ಇಳಿಯಲಿಲ್ಲ, ಆಸ್ಪತ್ರೆಗೆ ಬಂದರು, ಮುರಿದಿದೆ ಅಂತ ಗೊತ್ತಾಯ್ತು. ಬಿದ್ದು ಮೂರು ವಾರ ಆಗಿದ್ದರೂ ಇದು ಎ. ಯಾಕೆಂದರೆ ಚಿಕಿತ್ಸೆ ಶುರುವಾಗುತ್ತಿರುವುದೇ ಈಗ. ತಡ ಮಾಡಿ ಬಂದವರಿಗೂ ಎ ಕೊಡಬೇಕು ಅಂತ ನಿಯಮವೇ ಇದೆ.

ಮೂಳೆ ಮುರಿತಕ್ಕೆ ಮೂರು ಅಕ್ಷರ ಸಾಲುವುದಿಲ್ಲ. ಚರ್ಮ ಸೀಳಿ ಮೂಳೆ ಹೊರ ಬಂದಿತ್ತಾ? ಸರಿಯಾಗಿ ಕೂಡುತ್ತಿದೆಯಾ? ನಿಧಾನವಾ? ಕೂಡಲೇ ಇಲ್ಲವಾ? ಸೊಟ್ಟಗೆ ಕೂಡಿತಾ? ಮುಂಗೈ ಮುರಿತಕ್ಕೆ ಒಟ್ಟು 16 ಆಯ್ಕೆಗಳಿವೆ. ಚರ್ಮ ಸೀಳದ, ಒಳಗೇ ಆದ ಮುರಿತಕ್ಕೆ ಸಂಬಂಧಿಸಿದವು ಇವು: ಸಕ್ರಿಯ ಚಿಕಿತ್ಸೆಗೆ ಎ, ಮಾಮೂಲಿಯಾಗಿ ಕೂಡುತ್ತಿದ್ದರೆ ಡಿ, ನಿಧಾನವಾದರೆ ಜಿ, ಕೂಡದೇ ಉಳಿದರೆ ಕೆ, ಸೊಟ್ಟಗೆ ಕೂಡಿದರೆ ಪಿ, ಉಳಿಕೆ ತೊಂದರೆಗೆ ಎಸ್. ಲಾಜಿಕ್ ಡಿಸೈನ್‌ನಲ್ಲಿ ಓದಿದ ಸ್ಟೇಟ್ ಮಷಿನ್ ನೆನಪಾಯ್ತಾ? ಇದು ಅದೇ. ಒಂದು ಸ್ಥಿತಿಯಿಂದ ಇನ್ನೊಂದಕ್ಕೆ ದಾಟಿಸುವುದು ಕ್ಯಾಲೆಂಡರ್ ಅಲ್ಲ, ಡಾಕ್ಟರ ಟಿಪ್ಪಣಿ.

ಟಿಪ್ಪಣಿಯಲ್ಲಿ ವಿವರ ಇಲ್ಲದಿದ್ದರೆ? ಅದಕ್ಕೂ ಡೀಫಾಲ್ಟ್ ಮೌಲ್ಯಗಳಿವೆ. ಚರ್ಮ ಸೀಳಿದೆಯೋ ಇಲ್ಲವೋ ಬರೆದಿಲ್ಲ ಅಂದರೆ ಸೀಳಿಲ್ಲ ಅಂತ ತೆಗೆದುಕೊಳ್ಳಬೇಕು. ಮೂಳೆ ಜಾಗ ಬಿಟ್ಟು ಸರಿದಿದೆಯೋ ಇಲ್ಲವೋ ಬರೆದಿಲ್ಲ ಅಂದರೆ ಸರಿದಿದೆ ಅಂತ ತೆಗೆದುಕೊಳ್ಳಬೇಕು.

ಇನ್ನು ‘ಎಕ್ಸ್’ ಅಕ್ಷರದ ಒಂದು ಚಿಕ್ಕ ಸಂಗತಿ. ಡಬ್ಲ್ಯು18.2 ಅನ್ನುವುದು ನಾಲ್ಕೇ ಸ್ಥಾನದ ಕೋಡ್. ಆದರೆ ಎ, ಡಿ, ಎಸ್ ಬರಬೇಕಾದ್ದು ಏಳನೆಯ ಸ್ಥಾನದಲ್ಲೇ. ಹಾಗಾಗಿ ನಡುವಿನ ಎರಡು ಖಾಲಿ ಮನೆಗೆ ಎಕ್ಸ್ ತುಂಬಿ ಡಬ್ಲ್ಯು18.2ಎಕ್ಸ್‌ಎಕ್ಸ್‌ಎ ಅಂತ ಬರೆಯುತ್ತಾರೆ. ನಾವು ಅರೇಯಲ್ಲಿ ಸೊನ್ನೆ ತುಂಬಿ ಉದ್ದ ಸರಿ ಮಾಡುತ್ತೇವಲ್ಲ, ಹಾಗೇ. ಎಕ್ಸ್ ಬಿಟ್ಟರೆ ಕೋಡೇ ಅಸಿಂಧು.

ಒಂದು ಕೈಯ ಐದು ಭೇಟಿಗಳು

ಒಂದು ಕಲ್ಪಿತ ಉದಾಹರಣೆ ತೆಗೆದುಕೊಳ್ಳೋಣ. ಅಮೆರಿಕದ ಒಂದು ವಿಶ್ವವಿದ್ಯಾಲಯದ ಹಾಸ್ಟೆಲ್‌ನಲ್ಲಿ ಎಂ.ಎಸ್. ಓದುತ್ತಿರುವ ಹುಡುಗಿ ಸ್ನಾನ ಮಾಡುವಾಗ ಶವರ್ ಜಾಗದಲ್ಲಿ ಜಾರಿ ಬಿದ್ದಳು. ಬಲಗೈಗೆ ಕಾಲಿಸ್ ಮುರಿತ, ಚರ್ಮ ಸೀಳಿಲ್ಲ.

ಮೊದಲ ಭೇಟಿ, ತುರ್ತು ವಿಭಾಗ. ಮುರಿತಕ್ಕೆ ಎಸ್52.531ಎ. ಬಿದ್ದ ಬಗೆಗೆ ಡಬ್ಲ್ಯು18.2ಎಕ್ಸ್‌ಎಕ್ಸ್‌ಎ. ಹಾಸ್ಟೆಲ್ ಬಾತ್‌ರೂಮ್ ಅನ್ನುವುದಕ್ಕೆ ವೈ92.162. ಸ್ನಾನ ಮಾಡುತ್ತಿದ್ದಳು ಅನ್ನುವುದಕ್ಕೆ ವೈ93.ಇ1. ಸಂಬಳದ ಕೆಲಸದಲ್ಲಿ ಇರಲಿಲ್ಲ ಅನ್ನುವುದಕ್ಕೆ ವೈ99.8. ಒಟ್ಟು ಐದು ಕೋಡ್.

ಎರಡನೇ ಭೇಟಿ, ನಾಲ್ಕು ದಿನದ ನಂತರ. ಮೂಳೆ ತಜ್ಞರು ನೋಡಿ, ಮೂಳೆಯನ್ನು ಜಾಗಕ್ಕೆ ಕೂರಿಸಿ ಪ್ಲಾಸ್ಟರ್ ಹಾಕಿದರು. ಇನ್ನೂ ಸಕ್ರಿಯ ಚಿಕಿತ್ಸೆ, ಆದ್ದರಿಂದ ಎಸ್52.531ಎ ಮತ್ತು ಡಬ್ಲ್ಯು18.2ಎಕ್ಸ್‌ಎಕ್ಸ್‌ಎ. ವೈ ಕೋಡ್‌ಗಳು ಈಗ ಬೇಡ. ಎಲ್ಲಿ, ಏನು ಮಾಡುವಾಗ ಅನ್ನುವುದನ್ನು ಚಿಕಿತ್ಸೆಯ ಆರಂಭದಲ್ಲಿ ಒಂದೇ ಸಲ ದಾಖಲಿಸುತ್ತಾರೆ. ಇಲ್ಲದಿದ್ದರೆ ಒಂದೇ ಬಾತ್‌ರೂಮಿನಲ್ಲಿ ಐದು ಜನ ಬಿದ್ದ ಹಾಗೆ ಲೆಕ್ಕ ಬರುತ್ತೆ!

ಮೂರನೇ ಭೇಟಿ, ಎರಡು ವಾರದ ನಂತರ. ಎಕ್ಸ್-ರೇ ತೆಗೆದರು, ಚೆನ್ನಾಗಿ ಕೂಡುತ್ತಿದೆ. ಎಸ್52.531ಡಿ, ಡಬ್ಲ್ಯು18.2ಎಕ್ಸ್‌ಎಕ್ಸ್‌ಡಿ. ಬಿದ್ದ ಕಾರಣದ ಕೋಡಿನ ಕೊನೆಯ ಅಕ್ಷರವೂ ಗಾಯದ ಕೋಡಿನ ಜೊತೆ ಹೆಜ್ಜೆ ಹಾಕಬೇಕು.

ನಾಲ್ಕನೇ ಭೇಟಿ, ಪ್ಲಾಸ್ಟರ್ ಬಿಚ್ಚಿದರು. ಮತ್ತೆ ಡಿ. ಒಂದು ವೇಳೆ ಮೂಳೆ ಕೂಡುವುದು ತಡವಾಗಿದೆ ಅಂತ ಡಾಕ್ಟರು ಬರೆದಿದ್ದರೆ ಜಿ ಆಗುತ್ತಿತ್ತು.

ಐದನೇ ಭೇಟಿ, ಎರಡು ವರ್ಷದ ನಂತರ. ಮುರಿತ ಎಂದೋ ವಾಸಿಯಾಗಿದೆ, ಆದರೆ ಮಣಿಕಟ್ಟು ಬಿಗಿ, ಪೂರ್ತಿ ಮಡಚಲು ಆಗುತ್ತಿಲ್ಲ. ಈಗ ಮೊದಲು ಬರೆಯಬೇಕಾದ್ದು ಇವತ್ತಿನ ತೊಂದರೆ: ಬಲ ಮಣಿಕಟ್ಟಿನ ಬಿಗಿತ, ಎಂ25.631. ಅದರ ನಂತರ ಅದರ ಮೂಲ: ಎಸ್52.531ಎಸ್. ಕೊನೆಗೆ ಡಬ್ಲ್ಯು18.2ಎಕ್ಸ್‌ಎಕ್ಸ್‌ಎಸ್. ಉಳಿಕೆ ತೊಂದರೆಗೆ ಕಾಲಮಿತಿ ಇಲ್ಲ. ಇಪ್ಪತ್ತು ವರ್ಷ ಬಿಟ್ಟು ಬಂದರೂ ಎಳೆ ಆ ಬಾತ್‌ರೂಮಿನ ತನಕ ಹೋಗುತ್ತೆ.

ಈ ಎಳೆಯೇ ಇಲ್ಲಿನ ನಿಜವಾದ ವಿನ್ಯಾಸ. ಹಳೆಯ ಐಸಿಡಿ-9ರಲ್ಲಿ ಮುರಿತ ಕೂಡುವ ಹಂತಕ್ಕೆ ಬಂದರೆ ಗಾಯದ ಕೋಡ್ ಬಿಟ್ಟು ‘ನಂತರದ ಆರೈಕೆ’ಯ ಬೇರೊಂದು ‘ವಿ’ ಕೋಡ್ ಹಾಕುತ್ತಿದ್ದರು. ಹೊಸ ಪದ್ಧತಿಯಲ್ಲಿ ಮೂಲ ಗಾಯದ ಗುರುತು ಕೊನೆಯ ತನಕ ಬದಲಾಗುವುದಿಲ್ಲ, ಸ್ಥಿತಿ ಮಾತ್ರ ಬದಲಾಗುತ್ತೆ. ಡೇಟಾಬೇಸ್ ಓದಿದವರಿಗೆ ಇದರ ಬೆಲೆ ಗೊತ್ತು.

‘ಫಾಲೋ-ಅಪ್’ ಅನ್ನುವ ಪದದ ಬಲೆ

ಆಸ್ಪತ್ರೆಯಲ್ಲಿ ಎರಡನೇ ಸಲ ಹೋದದ್ದೆಲ್ಲ ನಮಗೆ ಫಾಲೋ-ಅಪ್. ಕೋಡಿಂಗ್ ಭಾಷೆಯಲ್ಲಿ ಮಾತ್ರ ಎರಡು ಬೇರೆ ಬೇರೆ ಸಂಗತಿಗಳಿವೆ. ಕಾಯಿಲೆ ಇನ್ನೂ ವಾಸಿಯಾಗುತ್ತಾ ಇರುವಾಗ ಕೊಡುವುದು ಆರೈಕೆ, ‘ಆಫ್ಟರ್‌ಕೇರ್’. ಚಿಕಿತ್ಸೆ ಪೂರ್ತಿ ಮುಗಿದು, ಕಾಯಿಲೆ ಹೋಗಿ, ಮತ್ತೆ ಬಂದಿಲ್ಲ ತಾನೇ ಅಂತ ನೋಡುವುದು ‘ಫಾಲೋ-ಅಪ್’. ಈ ಎರಡನೆಯದಕ್ಕೆ ಝಡ್09 ಅಂತ ಕೋಡ್ ಇದೆ.

ಟಿಪ್ಪಣಿಯಲ್ಲಿ ‘ಫಾಲೋ-ಅಪ್’ ಅಂತ ಕಂಡ ಕೂಡಲೇ ಝಡ್09 ಹಾಕಿದರೆ, ಇನ್ನೂ ಪ್ಲಾಸ್ಟರ್‌ನಲ್ಲಿರುವ ಕೈಗೆ ‘ವಾಸಿಯಾಗಿದೆ’ ಅಂತ ಷರಾ ಬರೆದ ಹಾಗೆ. ಆರೈಕೆಗೂ ಝಡ್ ಸಾಲಿನಲ್ಲಿ ಕೋಡ್‌ಗಳಿವೆ, ಆದರೆ ಏಳನೇ ಅಕ್ಷರ ಇರುವ ಗಾಯಗಳಿಗೆ ಅವನ್ನು ಬಳಸಬಾರದು. ಗಾಯದ ಕೋಡನ್ನೇ ಡಿ ಹಾಕಿ ಬರೆಯಬೇಕು. ಹೊಸದಾಗಿ ಕೆಲಸಕ್ಕೆ ಸೇರಿದವರು ಮೊದಲು ಕಲಿಯಬೇಕಾದ ಪಾಠಗಳಲ್ಲಿ ಇದೂ ಒಂದು.

ಬೀಳುವುದಕ್ಕೇ ಸಂಬಂಧಿಸಿದ ಇನ್ನೊಂದು ಜೋಡಿ ಇದೆ. ಇತ್ತೀಚೆಗೆ ಪದೇ ಪದೇ ಬೀಳುತ್ತಿದ್ದಾರೆ, ಯಾಕೆ ಅಂತ ಹುಡುಕುತ್ತಿದ್ದೇವೆ ಅಂದರೆ ಆರ್29.6. ಹಿಂದೆ ಬಿದ್ದಿದ್ದರು, ಮುಂದೆಯೂ ಬೀಳುವ ಅಪಾಯ ಇದೆ ಅಂದರೆ ಝಡ್91.81. ಒಂದು ತನಿಖೆ, ಇನ್ನೊಂದು ಎಚ್ಚರಿಕೆ. ಎರಡೂ ನಿಜವಾದರೆ ಎರಡನ್ನೂ ಬರೆಯಬಹುದು.

ಅಜ್ಜಿ ಬಿದ್ದಾಗ

ಮೇಲಿನದೆಲ್ಲ ಬರೀ ಗುಮಾಸ್ತಿಕೆ ಅನ್ನಿಸಿದ್ದರೆ ಈ ಭಾಗ ಓದಿ.

ಎಪ್ಪತ್ತೈದರ ಒಬ್ಬ ಅಜ್ಜಿ ಬಚ್ಚಲಲ್ಲಿ ಮೆಲ್ಲಗೆ ಜಾರಿ ಕೂತರು. ಅಷ್ಟಕ್ಕೇ ತೊಡೆಯ ಮೂಳೆ ಮುರಿಯಿತು. ಅವರಿಗೆ ಮೂಳೆ ಸವೆತ, ಅಂದರೆ ಆಸ್ಟಿಯೋಪೊರೋಸಿಸ್ ಇದೆ ಅಂತ ಮೊದಲೇ ಗೊತ್ತಿತ್ತು. ಇದು ಬಿದ್ದು ಆದ ಮುರಿತವಾ? ನೋಡುವವರಿಗೆ ಹೌದು. ಕೋಡಿಂಗ್ ನಿಯಮದ ಪ್ರಕಾರ ಅಲ್ಲ. ಆರೋಗ್ಯವಂತರ ಮೂಳೆಯನ್ನು ಮುರಿಯಲಾರದಷ್ಟು ಸಣ್ಣ ಬೀಳುವಿಕೆಯಿಂದ ಆಸ್ಟಿಯೋಪೊರೋಸಿಸ್ ಇರುವವರ ಮೂಳೆ ಮುರಿದರೆ, ಗಾಯದ ಎಸ್72 ಕೋಡ್ ಹಾಕುವಂತಿಲ್ಲ. ಕಾಯಿಲೆಯ ಎಂ80 ಕೋಡ್ ಹಾಕಬೇಕು. ಬಲ ತೊಡೆಮೂಳೆಯಾದರೆ ಎಂ80.051ಎ, ಚೇತರಿಕೆಯ ಹಂತದಲ್ಲಿ ಎಂ80.051ಡಿ.

ವ್ಯತ್ಯಾಸ ಏನು ಮಹಾ ಅಂತೀರಾ? ಎಸ್72 ಬರೆದರೆ ದಾಖಲೆ ಹೇಳುವುದು: ಬಿದ್ದರು, ಮುರಿಯಿತು, ಸರಿ ಮಾಡಿದೆವು, ಮುಗಿಯಿತು. ಎಂ80 ಬರೆದರೆ ಹೇಳುವುದು: ಮೂಳೆ ಟೊಳ್ಳಾಗಿದೆ, ಇನ್ನೊಂದು ಕಡೆಯೂ ಮುರಿಯಬಹುದು, ಔಷಧ ಬೇಕು. ಮುಂದಿನ ಸಲ ಅವರನ್ನು ನೋಡುವ ಡಾಕ್ಟರು ಇವೆರಡರಲ್ಲಿ ಯಾವುದನ್ನು ಓದುತ್ತಾರೆ ಅನ್ನುವುದರ ಮೇಲೆ ಅಜ್ಜಿಯ ಇನ್ನೊಂದು ಕಾಲು ನಿಂತಿದೆ.

ತಪ್ಪು ಅಕ್ಷರದ ಬೆಲೆ

ಮೊದಲನೆಯ ಪೆಟ್ಟು ಹಣದ್ದು. ಅಮೆರಿಕದ ಹಿರಿಯರ ಸರ್ಕಾರಿ ವಿಮೆ ಮೆಡಿಕೇರ್‌ನಲ್ಲಿ, ದೊಡ್ಡ ಶಸ್ತ್ರಚಿಕಿತ್ಸೆಯ ನಂತರದ 90 ದಿನಗಳ ಮಾಮೂಲಿ ಭೇಟಿಗಳಿಗೆ ಬೇರೆ ಹಣ ಇಲ್ಲ. ಅದು ಶಸ್ತ್ರಚಿಕಿತ್ಸೆಯ ದರದಲ್ಲೇ ಸೇರಿರುತ್ತೆ. ಡಿ ಇರಬೇಕಾದಲ್ಲಿ ಎ ಬಂದರೆ ಹೊಸದಾಗಿ ಚಿಕಿತ್ಸೆ ನಡೆದಿದೆ ಅಂತ ತೋರುತ್ತೆ. ವಿಮೆಯವರು ಕ್ಲೇಮ್ ತಿರಸ್ಕರಿಸಬಹುದು, ಅಥವಾ ಆಮೇಲೆ ತನಿಖೆ ಮಾಡಿ ಹಣ ವಾಪಸ್ ಕೇಳಬಹುದು. ನಡುವೆ ಸಿಕ್ಕಿ ಪತ್ರ, ಫೋನು, ಬಿಲ್ಲು ಅಂತ ಅಲೆಯುವುದು ಕೈ ಮುರಿದವರೇ.

ಎರಡನೆಯದು ಲೆಕ್ಕದ್ದು, ಅದು ನಮ್ಮೆಲ್ಲರದು. ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನ ಪ್ರಕಾರ ಜಗತ್ತಿನಲ್ಲಿ ಪ್ರತಿ ವರ್ಷ 6,84,000 ಜನ ಬಿದ್ದು ಸಾಯುತ್ತಾರೆ. ಉದ್ದೇಶಪೂರ್ವಕವಲ್ಲದ ಗಾಯಗಳ ಸಾವಿನಲ್ಲಿ ರಸ್ತೆ ಅಪಘಾತದ ನಂತರದ ಸ್ಥಾನ ಇದರದ್ದೇ. ಈ ಸಾವುಗಳಲ್ಲಿ ಶೇ. 80ಕ್ಕೂ ಹೆಚ್ಚು ನಮ್ಮಂಥ ಕಡಿಮೆ ಮತ್ತು ಮಧ್ಯಮ ಆದಾಯದ ದೇಶಗಳಲ್ಲಿ. ಸಾಯದೆ, ಆದರೆ ಚಿಕಿತ್ಸೆ ಬೇಕಾಗುವಷ್ಟು ಜೋರಾಗಿ ಬೀಳುವ ಪ್ರಕರಣಗಳು ವರ್ಷಕ್ಕೆ 3.73 ಕೋಟಿ. ಇದನ್ನು ಕಡಿಮೆ ಮಾಡಬೇಕಾದರೆ ಯಾರು, ಎಲ್ಲಿ, ಹೇಗೆ ಬೀಳುತ್ತಿದ್ದಾರೆ ಅಂತ ಗೊತ್ತಿರಬೇಕು. ಎಲ್ಲವೂ ಡಬ್ಲ್ಯು19 ಆದರೆ ಗೊತ್ತಾಗುವುದು ‘ಜನ ಬೀಳುತ್ತಾರೆ’ ಅಂತ ಮಾತ್ರ. ಅದು ನ್ಯೂಟನ್‌ಗೂ ಮೊದಲೇ ಗೊತ್ತಿತ್ತು.

ನಮ್ಮಲ್ಲಿ ಹೇಗೆ?

ಭಾರತದಲ್ಲಿ ಅಮೆರಿಕದ ಈ ಏಳನೇ ಅಕ್ಷರದ ಪದ್ಧತಿ ಇಲ್ಲ. ಸಾವಿನ ಕಾರಣದ ವೈದ್ಯಕೀಯ ಪ್ರಮಾಣಪತ್ರಗಳನ್ನು ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರ ಪ್ರಕಾರ ವರ್ಗೀಕರಿಸುತ್ತಾರೆ. ಅದರಲ್ಲಿ ಬಿದ್ದ ಜಾಗವನ್ನು ಡಬ್ಲ್ಯು ಕೋಡಿನ ನಾಲ್ಕನೇ ಸ್ಥಾನದಲ್ಲೇ ಹೇಳಬಹುದು. ಮನೆಯಾದರೆ 0, ಶಾಲೆಯಂಥ ಸಂಸ್ಥೆಯಾದರೆ 2, ರಸ್ತೆಯಾದರೆ 4, ತೋಟ-ಹೊಲವಾದರೆ 7.

ಮಲೆನಾಡಿನ ಅಡಿಕೆ ತೋಟ ನೆನಪು ಮಾಡಿಕೊಳ್ಳಿ. ಮಳೆಗೆ ಪಾಚಿಗಟ್ಟಿದ ಮರ ಹತ್ತಿ ಔಷಧ ಹೊಡೆಯುವ, ಕೊನೆ ಇಳಿಸುವ ಕೊನೆಗೌಡರು ಬಿದ್ದರೆ, ಅಂತರರಾಷ್ಟ್ರೀಯ ಪಟ್ಟಿಯಲ್ಲಿ ಅದಕ್ಕೆ ಡಬ್ಲ್ಯು14.7 ಅನ್ನುವ ಜಾಗ ಸಿದ್ಧವಾಗಿಯೇ ಇದೆ. ಈಗ ನೆಲದ ಮೇಲೇ ನಿಂತು ಕೊಯ್ಯುವ, ಔಷಧ ಸಿಂಪಡಿಸುವ ಫೈಬರ್ ದೋಟಿಗಳು ಬಂದಿವೆ. ಒಳ್ಳೆಯ ಎಂಜಿನಿಯರಿಂಗ್. ಆದರೆ ದೋಟಿ ಬಂದ ಮೇಲೆ ಬೀಳುವವರು ಎಷ್ಟು ಕಡಿಮೆಯಾದರು ಅಂತ ಲೆಕ್ಕ ಹಾಕಿ ತೋರಿಸಬೇಕಾದರೆ, ಆಸ್ಪತ್ರೆಯ ಪುಸ್ತಕದಲ್ಲಿ ‘ಬಿದ್ದು ಗಾಯ’ ಅಂತಿದ್ದರೆ ಸಾಲದು. ‘ಮರದಿಂದ’, ‘ತೋಟದಲ್ಲಿ’ ಅಂತಲೂ ಇರಬೇಕು. ಬೆಂಗಳೂರಿನ ಕಟ್ಟಡ ಕಾರ್ಮಿಕರ ಸಾರುವೆಯ ಕಥೆಯೂ ಇದೇ. ಇಂಥ ಗಾಯಗಳ ಅಧ್ಯಯನದಲ್ಲಿ ನಮ್ಮ ನಿಮ್ಹಾನ್ಸ್ ದೊಡ್ಡ ಹೆಸರು. ಗಾಯ ತಡೆಗಟ್ಟುವ ವಿಷಯದಲ್ಲಿ ಅದು ವಿಶ್ವ ಆರೋಗ್ಯ ಸಂಸ್ಥೆಯ ಸಹಯೋಗ ಕೇಂದ್ರ.

ಹನ್ನೊಂದನೇ ಆವೃತ್ತಿ, ಐಸಿಡಿ-11, 2022ರ ಜನವರಿ 1ರಿಂದ ಜಾಗತಿಕವಾಗಿ ಜಾರಿಗೆ ಬಂದಿದೆ. ಅದರಲ್ಲಿ ಒಂದು ಮೂಲ ಕೋಡಿಗೆ ಬೇಕಾದ ವಿವರಗಳ ಬಾಲಗಳನ್ನು ಪೋಣಿಸಿಕೊಂಡು ಹೋಗುವ ವ್ಯವಸ್ಥೆ ಇದೆ. ಎಲ್ಲ ದೇಶಗಳೂ ಒಮ್ಮೆಲೇ ಅದಕ್ಕೆ ಹಾರುವುದಿಲ್ಲ; ದಾಟುವುದಕ್ಕೆ ವರ್ಷಗಳೇ ಹಿಡಿಯುತ್ತವೆ.

ಸಾಫ್ಟ್‌ವೇರ್ ಮಾಡಹೊರಟವರಿಗೆ

‘ಇದನ್ನೆಲ್ಲ ಎ.ಐ. ಮಾಡಲ್ವಾ?’ ಅಂತ ಈಗಾಗಲೇ ಕೆಲವರು ಯೋಚಿಸಿರುತ್ತೀರಿ. ಮಾಡುತ್ತಿದೆ, ಸಹಾಯಕನಾಗಿ. ಟಿಪ್ಪಣಿ ಓದಿ ಕೋಡ್ ಸೂಚಿಸುವ ಸಾಫ್ಟ್‌ವೇರ್‌ಗಳು ಬಳಕೆಯಲ್ಲಿವೆ. ಆದರೆ ಕಷ್ಟ ಎಲ್ಲಿದೆ ನೋಡಿ. ‘ರೋಗಿ ಬಿದ್ದಿಲ್ಲ ಎನ್ನುತ್ತಾರೆ’ ಅನ್ನುವ ವಾಕ್ಯದಲ್ಲೂ ‘ಬಿದ್ದ’ ಇದೆ. ‘ಎರಡು ವರ್ಷದ ಹಿಂದೆ ಬಿದ್ದಿದ್ದರು’ ಅನ್ನುವುದು ಇವತ್ತಿನ ಗಾಯವಲ್ಲ. ‘ತಾಯಿ ಬಿದ್ದು ಸೊಂಟ ಮುರಿದಿತ್ತು’ ಅನ್ನುವುದು ಈ ರೋಗಿಯ ಕಥೆಯೇ ಅಲ್ಲ. ‘ಫಾಲೋ-ಅಪ್‌ಗೆ ಬಂದಿದ್ದಾರೆ’ ಅನ್ನುವುದರಲ್ಲಿ ಎ ಇರಬಹುದು, ಡಿ ಇರಬಹುದು, ಎಸ್ ಇರಬಹುದು, ಝಡ್09 ಇರಬಹುದು. ಪದ ಹುಡುಕುವುದು ಸುಲಭ, ಹಂತ ಹುಡುಕುವುದು ಕಷ್ಟ.

ಮಿನಿ ಪ್ರಾಜೆಕ್ಟ್ ಹುಡುಕುತ್ತಿರುವವರಿಗೆ ಇಲ್ಲಿ ಒಳ್ಳೆಯ ಮೇವಿದೆ. ಐಸಿಡಿ-10-ಸಿಎಂನ ಪೂರ್ತಿ ಪಟ್ಟಿ ಮತ್ತು ನಿಯಮಾವಳಿಯನ್ನು ಅಮೆರಿಕದ ಸರ್ಕಾರಿ ಸಂಸ್ಥೆಗಳು ಉಚಿತವಾಗಿ ಕೊಡುತ್ತವೆ. ಪ್ರತಿ ಅಕ್ಟೋಬರ್ 1ಕ್ಕೆ ಹೊಸ ವರ್ಷದ ಆವೃತ್ತಿ ಜಾರಿಗೆ ಬರುತ್ತೆ. ರೋಗಿಗಳ ಗುರುತು ಅಳಿಸಿದ ‘ಮಿಮಿಕ್’ ಅನ್ನುವ ಆಸ್ಪತ್ರೆ ದತ್ತಾಂಶವನ್ನು ಸಂಶೋಧನೆಗೆ, ತರಬೇತಿ ಮತ್ತು ಒಪ್ಪಂದದ ನಂತರ, ಪಡೆಯಬಹುದು. ದೊಡ್ಡ ಮಾದರಿ ಬೇಡ, ಏಳು ಸ್ಥಾನ ಸರಿ ಇದೆಯಾ, ಎಕ್ಸ್ ಸರಿಯಾದ ಮನೆಯಲ್ಲಿದೆಯಾ, ಗಾಯದ ಅಕ್ಷರಕ್ಕೂ ಕಾರಣದ ಅಕ್ಷರಕ್ಕೂ ತಾಳೆ ಆಗುತ್ತಾ, ಡಬ್ಲ್ಯು ಕೋಡ್ ಮೊದಲ ಸ್ಥಾನಕ್ಕೆ ನುಗ್ಗಿದೆಯಾ ಅಂತ ಪರೀಕ್ಷಿಸುವ ಒಂದು ಚಿಕ್ಕ ಪ್ರೋಗ್ರಾಂ ಬರೆದು ನೋಡಿ. ನಿಯಮ ಎಷ್ಟು ಸೂಕ್ಷ್ಮ ಅಂತ ಕೈಗೆ ತಾಗುತ್ತೆ.

ಇನ್ನೂ ಸಣ್ಣದು ಬೇಕೇ? ಕ್ಯಾಂಪಸ್ಸಿಗೊಂದು ನಾಲ್ಕು ಕಾಲಂನ ಹಾಳೆ ಸಾಕು: ಏನು ಗಾಯ, ಹೇಗೆ ಬಿದ್ದದ್ದು, ಎಲ್ಲಿ, ಏನು ಮಾಡುವಾಗ. ಹೆಸರು ಬೇಡ, ಯುಎಸ್‌ಎನ್ ಬೇಡ. ಒಂದು ಮಳೆಗಾಲ ತುಂಬಿಸಿ. ಒಂದೇ ಮೆಟ್ಟಿಲು, ಒಂದೇ ಬಾತ್‌ರೂಮು ಎರಡು-ಮೂರು ಸಾಲಿನಲ್ಲಿ ಕಾಣಿಸಿಕೊಂಡರೆ ಆ ಹಾಳೆ ಹಿಡಿದು ವಾರ್ಡನ್ ಹತ್ತಿರ ಹೋಗಬಹುದು. ‘ಅಲ್ಲಿ ಜಾರುತ್ತೆ ಸಾರ್’ ಅನ್ನುವ ದೂರಿಗಿಂತ ಆ ಹಾಳೆಗೆ ತೂಕ ಜಾಸ್ತಿ.

ಇನ್ನು ಮೇಲೆ ಯಾರಾದರೂ ಬಿದ್ದು ಹೆಲ್ತ್ ಸೆಂಟರ್‌ಗೆ ಹೋದರೆ, ದಯವಿಟ್ಟು ಮೀಸೆಯ ಮಣ್ಣು ಒರೆಸಿಕೊಳ್ಳುವ ಮುಂಚೆ ಪೂರ್ತಿ ವಾಕ್ಯ ಹೇಳಿ. “ಸಂಜೆ ಮಳೆ ಬಂದಾಗ, ಲೈಬ್ರರಿ ಹಿಂದಿನ ಇಳಿಜಾರಿನಲ್ಲಿ, ಫೋನ್ ನೋಡ್ತಾ ನಡೀತಿದ್ದೆ, ಕಾಲು ಜಾರಿ ಬಿದ್ದೆ.” ಹೇಳುವುದಕ್ಕೆ ಹತ್ತು ಸೆಕೆಂಡು ಸಾಕು. ಡಾಕ್ಟರು ಅದನ್ನು ಬರೆದುಕೊಂಡರೆ ಮುಂದಿನ ಮಳೆಗೆ ಆ ಇಳಿಜಾರಿನಲ್ಲಿ ಇನ್ನೊಬ್ಬರು ಜಾರದಿರಬಹುದು.